ಫಿಲಿಪ್ಪೀನ್ಸ್‌ಗೆ ಸ್ವಾತಂತ್ರ್ಯ ಬಂದದ್ದು 1898ರಲ್ಲೋ 1946ರಲ್ಲೋ? 333 ವರ್ಷದ ಲೆಕ್ಕ ಸರಿಯೇ?

ಕಡಲಂಚು (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ಆಗ್ನೇಯ ಏಷ್ಯಾದ ವಸಾಹತು ಇತಿಹಾಸದ ಬಗ್ಗೆ ಪದವಿ ವಿದ್ಯಾರ್ಥಿಗಳಿಗೆ ಕನ್ನಡದಲ್ಲಿ ಟಿಪ್ಪಣಿ ಸಿದ್ಧಪಡಿಸುತ್ತಿದ್ದೇನೆ. ಫಿಲಿಪ್ಪೀನ್ಸ್ ಭಾಗದಲ್ಲಿ ಮೂರು ಕಡೆ ಸಿಕ್ಕು ಬಿಡಿಸಲಾಗುತ್ತಿಲ್ಲ.

ಸ್ವಾತಂತ್ರ್ಯದ ದಿನ ಒಂದು ಪುಸ್ತಕದಲ್ಲಿ 12 ಜೂನ್ 1898 ಅಂತಿದೆ, ಇನ್ನೊಂದರಲ್ಲಿ 4 ಜುಲೈ 1946. ನಡುವೆ 14 ಅಕ್ಟೋಬರ್ 1943 ಕೂಡ ಕಾಣುತ್ತದೆ. ಯಾವುದನ್ನು ಹಾಕಬೇಕು?

ಸ್ಪೇನ್ 333 ವರ್ಷ ಆಳಿತು ಅನ್ನುತ್ತಾರೆ. ಅಷ್ಟು ದೂರದ ದೇಶ, ಇಷ್ಟೇ ಇಷ್ಟು ಸ್ಪೇನಿಗರು, ಏಳು ಸಾವಿರಕ್ಕೂ ಹೆಚ್ಚು ದ್ವೀಪ. ಆಳಿದ್ದಾದರೂ ಹೇಗೆ? ಮತ್ತೆ, ಅಷ್ಟು ಕಾಲ ಆಳಿದ ಮೇಲೂ ಸ್ಪ್ಯಾನಿಷ್ ಅಲ್ಲಿನ ಜನರ ಮಾತಾಗಲಿಲ್ಲವೇಕೆ?

ಕೊನೆಯದು, 1946ರಲ್ಲಿ ಅಧಿಕಾರ ಬಿಟ್ಟುಕೊಟ್ಟ ಅಮೆರಿಕದ ಸೈನ್ಯ 1992ರವರೆಗೂ ಅಲ್ಲೇ ಬೀಡುಬಿಟ್ಟಿತ್ತು. ಇದು ಯಾವ ಷರತ್ತಿನ ಮೇಲೆ? ತಿಳಿದವರು ದಯವಿಟ್ಟು ವಿವರವಾಗಿ ಬರೆಯಿರಿ.

ದಾಖಲೆಪೆಟ್ಟಿಗೆ

ಮೊದಲು ದಿನಾಂಕ. 12 ಜೂನ್ 1898 ಫಿಲಿಪಿನೊ ಜನ ತಾವೇ ಸ್ವಾತಂತ್ರ್ಯ ಸಾರಿದ ದಿನ. 4 ಜುಲೈ 1946 ಅಮೆರಿಕ ಅದನ್ನು ಒಪ್ಪಿ ಅಧಿಕಾರ ಬಿಟ್ಟ ದಿನ. ಎರಡನ್ನೂ ಕೊಡಿ, ಆದರೆ ಯಾವುದಕ್ಕೆ ಏನು ಕೊರತೆಯಿತ್ತು ಅನ್ನುವುದನ್ನು ಜೊತೆಗೇ ಬರೆಯಿರಿ, ಇಲ್ಲವಾದರೆ ವಿದ್ಯಾರ್ಥಿಗಳು ಒಂದನ್ನು ಸುಳ್ಳು ಅಂದುಕೊಳ್ಳುತ್ತಾರೆ.

1898ರ ಹಿನ್ನೆಲೆ ಹೀಗಿದೆ. ಆಂದ್ರೆಸ್ ಬೊನಿಫಾಸಿಯೊ ಮತ್ತು ಸಂಗಡಿಗರು 7 ಜುಲೈ 1892ರಂದು ಮನಿಲಾದಲ್ಲಿ ಕಟ್ಟಿದ ಗುಪ್ತ ಸಂಘ ಕತಿಪುನಾನ್. 1896ರ ಆಗಸ್ಟ್ 19ರಂದು ಅದರ ಸುಳಿವು ಸ್ಪೇನಿಗರಿಗೆ ಸಿಕ್ಕಿತು, ಆ ತಿಂಗಳ ಕೊನೆಯೊಳಗೆ ದಂಗೆ ಶುರುವಾಯಿತು. ಬರಹಗಾರ, ಸುಧಾರಣಾವಾದಿ ಹೊಸೆ ರಿಸಾಲ್‌ಗೆ ಈ ದಂಗೆಯಲ್ಲಿ ಕೈಯಿರಲಿಲ್ಲ, ಆದರೂ ಅದೇ ವರ್ಷ ಡಿಸೆಂಬರ್ 30ರಂದು ಅವರನ್ನು ಗುಂಡಿಟ್ಟು ಕೊಂದರು. ಕಾವಿಟೆ ಪ್ರಾಂತದ ಬಂಡುಕೋರರಲ್ಲಿ ಬೊನಿಫಾಸಿಯೊಗೆ ಹತ್ತಿರದ ಮಗ್ದಿವಾಂಗ್ ಮತ್ತು ಎಮಿಲಿಯೊ ಅಗಿನಾಲ್ಡೊ ಕಡೆಯ ಮಗ್ದಾಲೊ ಎಂಬ ಎರಡು ಬಣಗಳಿದ್ದವು. 22 ಮಾರ್ಚ್ 1897ರ ತೆಹೆರೋಸ್ ಸಭೆಯಲ್ಲಿ ಅಗಿನಾಲ್ಡೊ ಕ್ರಾಂತಿ ಸರ್ಕಾರದ ಅಧ್ಯಕ್ಷರಾದರು. ಫಲಿತಾಂಶ ಒಪ್ಪದ ಬೊನಿಫಾಸಿಯೊ ಅವರನ್ನು ಸ್ವಂತ ಪಕ್ಷದವರೇ ವಿಚಾರಣೆ ಮಾಡಿ ಮೇ 10ರಂದು ಕೊಂದರು. ಈ ಭಾಗವನ್ನು ಹಲವು ಪಠ್ಯಗಳು ಒಂದೇ ಸಾಲಿನಲ್ಲಿ ದಾಟಿಬಿಡುತ್ತವೆ. ದಯವಿಟ್ಟು ನೀವು ದಾಟಬೇಡಿ. ಕ್ರಾಂತಿಯ ಮೊದಲ ಸಂಘಟಕನನ್ನೇ ಕ್ರಾಂತಿ ಕಳೆದುಕೊಂಡ ಘಟ್ಟ ಅದು.

1897ರ ಡಿಸೆಂಬರ್‌ನಲ್ಲಿ ಸ್ಪೇನ್ ಮತ್ತು ಬಂಡುಕೋರರ ನಡುವೆ ಕಾಳಗ ನಿಲ್ಲಿಸುವ ಬಿಯಾಕ್-ನಾ-ಬಾತೊ ಒಪ್ಪಂದವಾಯಿತು. ಬಂಡುಕೋರರಿಗೆ ಮೂರು ಕಂತಿನಲ್ಲಿ 8 ಲಕ್ಷ ಪೆಸೊ: ಮೊದಲು 4 ಲಕ್ಷ, ಆಮೇಲೆ ಎರಡೆರಡು ಲಕ್ಷ. ಅಗಿನಾಲ್ಡೊ ಹಾಂಗ್‌ಕಾಂಗ್‌ಗೆ ಹೋದರು. ಎರಡೂ ಕಡೆಯವರು ಮಾತು ಪೂರ್ತಿ ಉಳಿಸಿಕೊಳ್ಳಲಿಲ್ಲ. ಅಷ್ಟರಲ್ಲಿ ಸ್ಪೇನ್-ಅಮೆರಿಕ ಯುದ್ಧ ಶುರುವಾಗಿ, 1 ಮೇ 1898ರಂದು ಅಮೆರಿಕದ ನೌಕಾಧಿಕಾರಿ ಡ್ಯೂಯಿ ಮನಿಲಾ ಕೊಲ್ಲಿಯಲ್ಲಿ ಸ್ಪೇನಿನ ಹಡಗುಪಡೆಯನ್ನು ಮುಳುಗಿಸಿದ, ಮೇ 19ರಂದು ಅಗಿನಾಲ್ಡೊ ಅಮೆರಿಕದ ಹಡಗಿನಲ್ಲೇ ವಾಪಸಾದರು, ಜೂನ್ 12ರಂದು ಕಾವಿತ್ ಊರಿನ ತಮ್ಮ ಮನೆಯಲ್ಲಿ ಘೋಷಣೆ ಮಾಡಿಸಿದರು. ಆ ಘೋಷಣಾಪತ್ರದಲ್ಲೇ 'ಬಲಿಷ್ಠವೂ ಮಾನವೀಯವೂ ಆದ' ಉತ್ತರ ಅಮೆರಿಕ ರಾಷ್ಟ್ರದ ರಕ್ಷಣೆಯ ಮಾತಿದೆ. ಅಗಿನಾಲ್ಡೊ ಸಲಹೆಗಾರ ಅಪೊಲಿನಾರಿಯೊ ಮಬಿನಿಗೆ ಇದು ಹಿಡಿಸಲಿಲ್ಲ. ಸೆಪ್ಟೆಂಬರ್ 29ರಂದು ಮಲೋಲೋಸ್‌ನಲ್ಲಿ ಜನಪ್ರತಿನಿಧಿಗಳ ಸಭೆ ಸ್ವಾತಂತ್ರ್ಯವನ್ನು ಮತ್ತೆ ಅನುಮೋದಿಸಿತು.

ಮುಂದೆ ಕೆಟ್ಟದ್ದು ಎಲ್ಲಿ ಅಂದರೆ, ಕೋಟೆಯೊಳಗಿನ ಮನಿಲಾದಲ್ಲಿ. ಸುತ್ತಲೂ ಮುತ್ತಿಗೆ ಹಾಕಿದ್ದವರು ಫಿಲಿಪಿನೊ ಪಡೆಗಳು. ಆದರೆ ಸ್ಪೇನ್ ಮತ್ತು ಅಮೆರಿಕದ ಸೇನಾಧಿಕಾರಿಗಳು ಒಳಗೊಳಗೇ ಮಾತಾಡಿಕೊಂಡು, 13 ಆಗಸ್ಟ್ 1898ರಂದು ಕಣ್ಣಿಗೆ ಕಾಣುವಷ್ಟು ಕಾದಾಡಿ ನಗರವನ್ನು ಅಮೆರಿಕದ ಕೈಗೆ ದಾಟಿಸಿದರು. ಫಿಲಿಪಿನೊ ಪಡೆಯನ್ನು ಒಳಗೆ ಬಿಡಲಿಲ್ಲ. ಹಿಂದಿನ ದಿನವೇ ವಾಷಿಂಗ್ಟನ್‌ನಲ್ಲಿ ಕದನವಿರಾಮಕ್ಕೆ ಸಹಿ ಬಿದ್ದಿತ್ತು. ಸಮುದ್ರದಡಿಯ ತಂತಿ ಕಡಿದಿದ್ದರಿಂದ ಸುದ್ದಿ ಮುಟ್ಟಿರಲಿಲ್ಲ. ಡಿಸೆಂಬರ್ 10ರ ಪ್ಯಾರಿಸ್ ಒಪ್ಪಂದದಲ್ಲಿ ಸ್ಪೇನ್ 2 ಕೋಟಿ ಡಾಲರ್‌ಗೆ ದ್ವೀಪಗಳನ್ನು ಅಮೆರಿಕಕ್ಕೆ ಒಪ್ಪಿಸಿತು. ಫಿಲಿಪಿನೊ ಸರ್ಕಾರದ ದೂತ ಫೆಲಿಪೆ ಅಗೊನ್ಸಿಲ್ಯೊಗೆ ಮಾತುಕತೆಯಲ್ಲಿ ಜಾಗವಿರಲಿಲ್ಲ. 23 ಜನವರಿ 1899ರಂದು ಮಲೋಲೋಸ್ ಗಣರಾಜ್ಯ ಸ್ಥಾಪನೆ, ಫೆಬ್ರವರಿ 4ರಂದು ಯುದ್ಧ ಶುರು, 6ರಂದು ಅಮೆರಿಕದ ಸೆನೆಟ್ 57-27 ಮತದಿಂದ ಒಪ್ಪಂದಕ್ಕೆ ಒಪ್ಪಿಗೆ. ಮೂರನೇ ಎರಡರ ಬಹುಮತಕ್ಕಿಂತ ಒಂದೇ ಒಂದು ಮತ ಹೆಚ್ಚು!

1943ರದ್ದು ಜಪಾನ್ ಆಕ್ರಮಣದ ಅಡಿಯಲ್ಲಿ ಹೊಸೆ ಲಾರೆಲ್ ಅಧ್ಯಕ್ಷತೆಯ ಎರಡನೇ ಗಣರಾಜ್ಯ. ಫಿಲಿಪ್ಪೀನ್ಸ್ ಅಧ್ಯಕ್ಷರ ಪಟ್ಟಿಯಲ್ಲಿ ಲಾರೆಲ್ ಹೆಸರಿದೆ, ಆದರೆ ಅದನ್ನು ಸ್ವಾತಂತ್ರ್ಯದಿನವಾಗಿ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. 1946ರಿಂದ 1961ರವರೆಗೆ ಜುಲೈ 4 ಸ್ವಾತಂತ್ರ್ಯ ದಿನವಾಗಿತ್ತು. 9 ಮೇ 1962ರಂದು ಅಮೆರಿಕದ ಕೆಳಮನೆ 7 ಕೋಟಿ 30 ಲಕ್ಷ ಡಾಲರ್‌ಗಳ ಯುದ್ಧಹಾನಿ ಪರಿಹಾರವನ್ನು ತಿರಸ್ಕರಿಸಿತು. ಮೂರೇ ದಿನದಲ್ಲಿ ಅಧ್ಯಕ್ಷ ದಿಯೊಸ್ದಾದೊ ಮಕಪಗಾಲ್ ಆಚರಣೆಯನ್ನು ಜೂನ್ 12ಕ್ಕೆ ಬದಲಿಸಿದರು. ಕಾನೂನಾದದ್ದು 1964ರಲ್ಲಿ.

ಗೇಣಿ_ಪಹಣಿ

ಎರಡನೇ ಪ್ರಶ್ನೆಗೆ ಉತ್ತರ ಸೈನ್ಯದಲ್ಲಿ ಹುಡುಕಿದರೆ ಸಿಗುವುದಿಲ್ಲ, ಚರ್ಚಿನ ಗಂಟೆಯ ಕೆಳಗೆ ಸಿಗುತ್ತದೆ. ಚದುರಿ ಬದುಕುತ್ತಿದ್ದ ಜನರನ್ನು ಗಂಟೆಯ ಸದ್ದು ಕೇಳುವಷ್ಟು ದೂರದೊಳಗೆ ತಂದು ಕೂರಿಸುವ ಪದ್ಧತಿಗೆ ರೆದುಕ್ಸಿಯೋನ್ ಅಂತ ಹೆಸರು. ಕ್ಯಾಥೊಲಿಕ್ ಧಾರ್ಮಿಕ ಸಂಘಗಳು ಒಂದೊಂದಾಗಿ ಬಂದವು: ಅಗಸ್ಟೀನಿಯನ್ನರು 1565ರಲ್ಲಿ, ಸ್ಪೇನಿನ ಆಳ್ವಿಕೆ ಆರಂಭಿಸಿದ ಲೆಗಾಸ್ಪಿಯ ಜೊತೆಗೇ. ಫ್ರಾನ್ಸಿಸ್ಕನ್ನರು 1578, ಜೆಸ್ಯೂಟರು 1581, ಡೊಮಿನಿಕನ್ನರು 1587, ರೆಕೊಲೆಕ್ಟರು 1606. ಪ್ರಾಂತಗಳನ್ನು ಇವರೇ ಹಂಚಿಕೊಂಡರು. ಬಹುಪಾಲು ಹಳ್ಳಿಗಳಲ್ಲಿ ಇದ್ದ ಒಬ್ಬನೇ ಸ್ಪೇನಿಗ ಅಂದರೆ ಪಾದ್ರಿ. ಜನನ, ಮದುವೆ, ಮರಣದ ದಾಖಲೆ, ಶಾಲೆ, ಸ್ಥಳೀಯ ಚುನಾವಣೆಯ ಉಸ್ತುವಾರಿ, ಎಲ್ಲ ಅವನ ಕೈಯಲ್ಲಿ.

ವಸೂಲಿಯ ಕೆಲಸ ಮಾತ್ರ ಊರಿನವರದೇ. ಹಿಂದಿನ ದಾತು, ಅಂದರೆ ಊರ ಮುಖಂಡ, ಈಗ ಕಬೇಸಾ ದೆ ಬರಾಂಗಾಯ್ ಆದ. ತನ್ನ ಪಾಲಿನ ಮನೆಗಳಿಂದ ತಲೆಗಂದಾಯ ಎತ್ತಬೇಕು, ಕಡಿಮೆ ಬಿದ್ದರೆ ಕೈಯಿಂದ ತುಂಬಬೇಕು. ಬದಲಿಗೆ ಅವನಿಗೆ ಕಂದಾಯವೂ ಇಲ್ಲ, ಬಿಟ್ಟಿ ಚಾಕರಿಯೂ ಇಲ್ಲ. ಕಂದಾಯ ಮೊದಲು 8 ರಿಯಾಲ್, 1589ರಿಂದ 10. ಬಿಟ್ಟಿ ಚಾಕರಿಗೆ ಪೋಲೊ ಅನ್ನುತ್ತಿದ್ದರು: 16ರಿಂದ 60 ವರ್ಷದ ಗಂಡಸರು ವರ್ಷಕ್ಕೆ 40 ದಿನ, ಹಣ ಕೊಡಬಲ್ಲವನಿಗೆ ವಿನಾಯಿತಿ. 1884ರಲ್ಲಿ ಅದು 15 ದಿನಕ್ಕಿಳಿಯಿತು. ಈ ಚಾಕರಿಯ ಅತಿ ಕೆಟ್ಟ ರೂಪ ಹಡಗುಕಟ್ಟೆಯದು. ಮನಿಲಾದಿಂದ ಮೆಕ್ಸಿಕೊದ ಅಕಾಪುಲ್ಕೊಗೆ 1565ರಿಂದ 1815ರವರೆಗೆ ಓಡಿದ ಗಾಲಿಯನ್ ಹಡಗುಗಳಿಗೆ ಕಾಡು ಕಡಿದು ಮರ ಎಳೆಯಬೇಕಿತ್ತು. ಸಮಾರ್ ದ್ವೀಪದವರನ್ನು ಊರು ಬಿಡಿಸಿ ಕಾವಿಟೆಗೆ ಕಳಿಸುವ ಆಜ್ಞೆ ಬಂದಾಗಲೇ 1649ರಲ್ಲಿ ಸುಮುರಾಯ್ ದಂಗೆ ಎದ್ದದ್ದು. ಬೊಹೋಲ್ ದ್ವೀಪದಲ್ಲಿ ದಗೊಹೊಯ್ ಆರಂಭಿಸಿದ ದಂಗೆ 1744ರಿಂದ 1829ರವರೆಗೆ, 85 ವರ್ಷ ನಡೆಯಿತು.

ಇನ್ನು ಭಾಷೆ. ಪಾದ್ರಿಗಳು ಜನರಿಗೆ ಸ್ಪ್ಯಾನಿಷ್ ಕಲಿಸುವ ಬದಲು ತಾವೇ ತಗಾಲೊಗ್, ಸೆಬುವಾನೊ, ಇಲೊಕಾನೊ ಕಲಿತರು. 1593ರಲ್ಲಿ ಮನಿಲಾದಲ್ಲಿ ಅಚ್ಚಾದ ಕ್ರೈಸ್ತ ಬೋಧನೆಯ ಪುಸ್ತಕದಲ್ಲಿ ಸ್ಪ್ಯಾನಿಷ್ ಜೊತೆಗೆ ತಗಾಲೊಗ್ ಇದೆ, ಅದೂ ಬಾಯ್‌ಬಾಯಿನ್ ಎಂಬ ಅಲ್ಲಿನ ಹಳೆಯ ಲಿಪಿಯಲ್ಲಿ. ಸರ್ಕಾರಿ ಪ್ರಾಥಮಿಕ ಶಾಲೆಗಳ ಆಜ್ಞೆ ಹೊರಟದ್ದು 1863ರಲ್ಲಿ. ಮೂವತ್ತೈದು ವರ್ಷದಲ್ಲಿ ಸ್ಪೇನ್ ಹೊರಟೇಹೋಯಿತು, 1901ರಲ್ಲಿ ಅಮೆರಿಕದ ನೂರಾರು ಶಿಕ್ಷಕರು ಥಾಮಸ್ ಎಂಬ ಹಡಗಿನಲ್ಲಿ ಬಂದು ಇಂಗ್ಲಿಷ್ ಶುರುಮಾಡಿದರು. ಇದಕ್ಕೆ ಹೊರತಾದದ್ದು ಸಾಂಬೊಆಂಗಾದ ಚವಕಾನೊ, ಸ್ಪ್ಯಾನಿಷ್ ಬೇರಿನ ಮಿಶ್ರ ಭಾಷೆ, ಇವತ್ತಿಗೂ ಮನೆಮಾತು.

ನಿಮ್ಮ ಟಿಪ್ಪಣಿಯಲ್ಲಿ ಭೂಮಿಗೆ ಒಂದು ಪುಟ ಕೊಡಿ ಎಂಬುದು ನನ್ನ ವಿನಂತಿ. ಕ್ರಾಂತಿ ಕಾವಿಟೆಯಲ್ಲಿ ಅಷ್ಟು ಬಲವಾಗಿ ಬೇರೂರಿದ್ದಕ್ಕೆ ಅಲ್ಲಿನ ಒಳ್ಳೆಯ ಭೂಮಿಯ ದೊಡ್ಡ ಪಾಲು ಧಾರ್ಮಿಕ ಸಂಘಗಳ ಹೆಸರಿನಲ್ಲಿದ್ದದ್ದು ಮುಖ್ಯ ಕಾರಣ. ವ್ಯವಸ್ಥೆ ಎರಡು ಅಂತಸ್ತಿನದು. ಇಂಕಿಲಿನೊ ಎಂಬ ಗೇಣಿದಾರ ಸಂಘಕ್ಕೆ ನಿಗದಿ ಗೇಣಿ ಕಟ್ಟಿ ಭೂಮಿ ಹಿಡಿಯುತ್ತಿದ್ದ. ಉಳುವವನು ಅವನ ಕೆಳಗಿನ ಪಾಲುಗಾರ, ಕಸಾಮಾ. ಸಕ್ಕರೆಗೆ ಬೆಲೆ ಬಂದಂತೆ ಗೇಣಿ ಏರಿತು. ಕಲಾಂಬಾದ ಡೊಮಿನಿಕನ್ ಜಮೀನಿನಲ್ಲಿ 1887ರಿಂದ ಈ ಜಗಳ ಬೆಳೆದು, 1890-91ರಲ್ಲಿ ಗೇಣಿದಾರರನ್ನು ಒಕ್ಕಲೆಬ್ಬಿಸಿದರು. ರಿಸಾಲ್ ಕುಟುಂಬವೂ ಅವರಲ್ಲೊಂದು.

ಅಮೆರಿಕನ್ನರು 1903ರಲ್ಲಿ ಸಂಘಗಳಿಂದ ಸುಮಾರು 1 ಲಕ್ಷ 66 ಸಾವಿರ ಹೆಕ್ಟೇರನ್ನು 70 ಲಕ್ಷ ಡಾಲರ್‌ಗೂ ಹೆಚ್ಚು ಕೊಟ್ಟು ಕೊಂಡರು. ಉದ್ದೇಶ ಉಳುವವರಿಗೆ ಮಾರುವುದು. ಆದರೆ ಕೊಂಡ ಬೆಲೆಗೆ ಬಡ್ಡಿ ಸೇರಿಸಿ ಕಂತು ಕಟ್ಟಿದ್ದರಿಂದ ಕಸಾಮಾಗೆ ಅದು ಎಟುಕಲಿಲ್ಲ, ಕಾಸಿದ್ದ ಇಂಕಿಲಿನೊ ಕೊಂಡ. ಸಾರ್ವಜನಿಕ ಭೂಮಿಯಲ್ಲಿ ಒಂದು ಕಂಪನಿಗೆ 1,024 ಹೆಕ್ಟೇರ್ ಮಿತಿಯಿತ್ತು. ಸಂಘಗಳ ಭೂಮಿಗೆ ಆ ಮಿತಿ ಅನ್ವಯಿಸದು ಎಂದು ಅರ್ಥಮಾಡಿ, ಮಿಂದೊರೊ ದ್ವೀಪದ ಸಾನ್ ಹೊಸೆ ಜಮೀನು ಸುಮಾರು 22 ಸಾವಿರ ಹೆಕ್ಟೇರನ್ನು ಅಮೆರಿಕದ ಸಕ್ಕರೆ ಹಿತಾಸಕ್ತಿಗಳಿಗೆ ಒಟ್ಟಿಗೇ ಮಾರಿದರು. ಸ್ಪೇನ್ ಹೋದರೂ ಉಳುವವನ ಲೆಕ್ಕ ಬದಲಾಗಲಿಲ್ಲ ಅನ್ನುವುದಕ್ಕೆ ಇದಕ್ಕಿಂತ ಗಟ್ಟಿ ದಾಖಲೆ ಬೇಕಿಲ್ಲ.

ದಕ್ಷಿಣದಿಕ್ಕು

333ರ ಬಗ್ಗೆ. ಅದು 1565ರಿಂದ 1898ಕ್ಕೆ ಎಣಿಸಿದ ಲೆಕ್ಕ. ಮಗೆಲನ್ 1521ರಲ್ಲಿ ಬಂದ, ಏಪ್ರಿಲ್ 27ರಂದು ಮಕ್ತಾನ್‌ನಲ್ಲಿ ಲಾಪುಲಾಪುವಿನ ಜನರ ಕೈಯಲ್ಲಿ ಸತ್ತ. ಆಳ್ವಿಕೆ ಅಲ್ಲಿಂದ ಶುರುವಾಗಲಿಲ್ಲ. ಆದರೆ 333 ಎಂಬುದು ಉತ್ತರದ ಲುಸೋನ್ ಬಯಲು ಮತ್ತು ನಡುವಿನ ವಿಸಾಯಾಸ್ ದ್ವೀಪಗಳಿಗೆ ಮಾತ್ರ ಒಪ್ಪುತ್ತದೆ. ಕೊರ್ದಿಯೆರಾ ಬೆಟ್ಟದ ಇಗೊರೊಟ್ ಜನ, ದಕ್ಷಿಣದ ಮಿಂದನಾವೊ ಮತ್ತು ಸೂಲುವಿನ ಮುಸ್ಲಿಂ ಸುಲ್ತಾನರು ಬಹುಕಾಲ ಕೈಗೆ ಸಿಗಲಿಲ್ಲ. ಮಗಿಂದನಾವೊದ ಸುಲ್ತಾನ್ ಕುದರಾತ್ 17ನೇ ಶತಮಾನದಲ್ಲಿ ಸ್ಪೇನಿಗೆ ಸರಿಸಮನಾಗಿ ನಿಂತ. ಉಗಿ ಯಂತ್ರದ ಯುದ್ಧದೋಣಿಗಳು 1848ರಲ್ಲಿ ಬಂದ ಮೇಲೆಯೇ ಸಮುದ್ರದಲ್ಲಿ ಸ್ಪೇನಿನ ಕೈ ಮೇಲಾಯಿತು. ಸೂಲುವಿನ ಹೊಲೊ ಪಟ್ಟಣ ಹಿಡಿದದ್ದು 1876ರಲ್ಲಿ, ಅಂದರೆ ಹೊರಟುಹೋಗಲು ಇಪ್ಪತ್ತೆರಡು ವರ್ಷ ಉಳಿದಾಗ.

ಹಾಗಾಗಿ 1898ರಲ್ಲಿ ಸ್ಪೇನ್ ತನ್ನದಲ್ಲದ ನೆಲವನ್ನೂ ಸೇರಿಸಿ ಮಾರಿತು ಎನ್ನುವ ವಾದಕ್ಕೆ ಆಧಾರವಿದೆ. ಒಪ್ಪಂದದಲ್ಲಿ ಎಳೆದ ಗೆರೆಯೂ ಸರಿಯಿರಲಿಲ್ಲ. ಸಿಬುತು ಮತ್ತು ಕಗಯಾನ್ ದೆ ಸೂಲು ದ್ವೀಪಗಳು ಹೊರಗುಳಿದಿದ್ದವು. 7 ನವೆಂಬರ್ 1900ರಂದು ಇನ್ನೊಂದು ಒಪ್ಪಂದ ಮಾಡಿ 1 ಲಕ್ಷ ಡಾಲರ್ ಕೊಡಬೇಕಾಯಿತು. ಸೂಲು ಸುಲ್ತಾನನ ಜೊತೆ ಅಮೆರಿಕ 1899ರ ಆಗಸ್ಟ್‌ನಲ್ಲಿ ಬೇಟ್ಸ್ ಒಪ್ಪಂದ ಮಾಡಿಕೊಂಡಿತು, ಉತ್ತರದ ಯುದ್ಧ ಮುಗಿದ ಮೇಲೆ 1904ರಲ್ಲಿ ಏಕಪಕ್ಷೀಯವಾಗಿ ರದ್ದು ಮಾಡಿತು. 1906ರ ಮಾರ್ಚ್‌ನಲ್ಲಿ ಬುದ್ ದಾಹೊ ಬೆಟ್ಟದ ಮೇಲೆ ಹೆಂಗಸರು ಮಕ್ಕಳು ಸೇರಿ ನೂರಾರು ಜನರ ಹತ್ಯೆಯಾಯಿತು. 1902ಕ್ಕೆ ಯುದ್ಧ ಮುಗಿಯಿತು ಅಂತ ಬರೆಯುವಾಗ ಇದನ್ನು ಮರೆಯಬಾರದು.

ಕಡಲಂಚು

ಇಷ್ಟು ವಿವರಕ್ಕೆ ತುಂಬಾ ಧನ್ಯವಾದಗಳು. ಎರಡು ಸಣ್ಣ ಸಂದೇಹ. ಅಮೆರಿಕದ ಜೊತೆಗಿನ ಯುದ್ಧದಲ್ಲಿ ಸತ್ತವರ ಸಂಖ್ಯೆಗೆ ಒಂದೊಂದು ಕಡೆ ಒಂದೊಂದು ಅಂಕಿಯಿದೆ. ಇನ್ನೊಂದು, ಮನಿಲಾ ಮೇಲೆ ಮದ್ರಾಸಿನ ಸಿಪಾಯಿಗಳು ದಾಳಿ ಮಾಡಿದರು ಅಂತ ಓದಿದ್ದೆ, ನಿಜವೇ? ದಿನಾಂಕ 5 ಅಕ್ಟೋಬರ್ ಅಂತಲೂ 6 ಅಂತಲೂ ಇದೆ.

ದಾಖಲೆಪೆಟ್ಟಿಗೆ

ಸಂಖ್ಯೆ: ಅಮೆರಿಕದ ಸೈನಿಕರು 4,200ಕ್ಕೂ ಹೆಚ್ಚು, ಅದರಲ್ಲಿ ಬಹುಪಾಲು ರೋಗದಿಂದ. ಫಿಲಿಪಿನೊ ಹೋರಾಟಗಾರರು ಸುಮಾರು 20 ಸಾವಿರ. ನಾಗರಿಕರು 2 ಲಕ್ಷ ಎಂಬುದು ಹೆಚ್ಚು ಬಳಕೆಯ ಅಂದಾಜು. ಹಿಂಸೆ, ಹಸಿವು, ರೋಗ ಮೂರೂ ಅದರಲ್ಲಿ ಸೇರಿವೆ. ಹೀಗೆ ಬರೆದರೆ ಸಾಕು. ಗುಂಡಿಗೆ ಸತ್ತವರು 2 ಲಕ್ಷ ಅಂತ ಬರೆದರೆ ತಪ್ಪು. ಕಾರಣಗಳನ್ನು ಬಿಡಬೇಡಿ: 1901ರ ಡಿಸೆಂಬರ್‌ನಿಂದ ಬತಾಂಗಾಸ್‌ನಲ್ಲಿ ಜನರನ್ನು ಗೆರೆ ಎಳೆದ ವಲಯಗಳೊಳಗೆ ಕೂಡಿಹಾಕಿ ಹೊರಗಿನ ಬೆಳೆ, ದವಸ ಸುಟ್ಟರು. ಉಳುವ ಎಮ್ಮೆ-ಕೋಣಗಳು ದೊಡ್ಡರೋಗಕ್ಕೆ (ರಿಂಡರ್‌ಪೆಸ್ಟ್ ಎಂಬ ಜಾನುವಾರು ರೋಗ) ಸತ್ತಿದ್ದವು. 1902ರಲ್ಲಿ ಕಾಲರಾ ಬಂತು. ಒಂದರ ಮೇಲೊಂದು ಬಿದ್ದ ಹೊಡೆತ ಅದು.

ಸಿಪಾಯಿಗಳ ವಿಷಯ ನಿಜ. ಸಪ್ತವಾರ್ಷಿಕ ಯುದ್ಧದ ಕಾಲದಲ್ಲಿ ಬ್ರಿಟಿಷ್ ಪಡೆ 1762ರಲ್ಲಿ ಮದ್ರಾಸಿನಿಂದ ಹೊರಟು ಸೆಪ್ಟೆಂಬರ್‌ನಲ್ಲಿ ಮನಿಲಾ ತಲುಪಿತು. ಯುದ್ಧ ಘೋಷಣೆಯಾದ ಸುದ್ದಿಯೇ ಅಲ್ಲಿಗೆ ಬಂದಿರಲಿಲ್ಲ. 1764ರಲ್ಲಿ ಬ್ರಿಟಿಷರು ಹೋದಾಗ ಕೆಲವು ಸಿಪಾಯಿಗಳು ಮನಿಲಾ ಬಳಿಯ ಕಯಿಂತಾದಲ್ಲೇ ನೆಲೆ ನಿಂತರು, ಅವರ ವಂಶದವರು ಅಲ್ಲಿದ್ದಾರೆ. ಇದೇ ಗೊಂದಲದ ನಡುವೆ ಇಲೊಕೋಸ್‌ನಲ್ಲಿ ದಿಯೆಗೊ ಸಿಲಾಂಗ್ ದಂಗೆಯೆದ್ದ. ಅವನ ಕೊಲೆಯ ಬಳಿಕ ಹೆಂಡತಿ ಗೇಬ್ರಿಯೆಲಾ ಮುಂದುವರಿಸಿದಳು, ಅವಳನ್ನು 1763ರಲ್ಲಿ ಗಲ್ಲಿಗೇರಿಸಿದರು.

5 ಮತ್ತು 6, ಎರಡೂ ಸರಿ. ಸ್ಪೇನಿಗರು ಮೆಕ್ಸಿಕೊ ಕಡೆಯಿಂದ ಪೆಸಿಫಿಕ್ ದಾಟಿ ಬಂದವರು, ಅಲ್ಲಿನ ದಿನವನ್ನೇ ಇಟ್ಟುಕೊಂಡರು. ಬ್ರಿಟಿಷರು ಭಾರತದ ಕಡೆಯಿಂದ ಬಂದವರು. ಆದ್ದರಿಂದ ಮನಿಲಾದ ಪಂಚಾಂಗ ಏಷ್ಯಾದ ಉಳಿದ ಊರುಗಳಿಗಿಂತ ಒಂದು ದಿನ ಹಿಂದಿತ್ತು. ಗವರ್ನರ್ ಕ್ಲಾವೆರಿಯಾ 31 ಡಿಸೆಂಬರ್ 1844ನ್ನೇ ಬಿಟ್ಟು, ಡಿಸೆಂಬರ್ 30ರ ಮರುದಿನವನ್ನು 1 ಜನವರಿ 1845 ಮಾಡಿದ. ಅದಕ್ಕೂ ಹಿಂದಿನ ಸ್ಪ್ಯಾನಿಷ್ ದಾಖಲೆಯನ್ನು ಬ್ರಿಟಿಷ್ ದಾಖಲೆಯ ಜೊತೆ ಹೊಂದಿಸುವಾಗ ಸ್ಪ್ಯಾನಿಷ್ ದಿನಕ್ಕೆ ಒಂದು ಕೂಡಿಸಬೇಕು.

ಇದೇ ಕ್ಲಾವೆರಿಯಾ 1849ರಲ್ಲಿ ಅಕಾರಾದಿಯ ಕುಲನಾಮ ಪಟ್ಟಿ ಹಂಚಿದ. ಒಂದೊಂದು ಊರಿಗೆ ಒಂದೊಂದು ಪುಟ, ಮನೆಯ ಯಜಮಾನ ಅದರಲ್ಲೊಂದನ್ನು ಆರಿಸಿಕೊಳ್ಳಬೇಕು. ನಾಲ್ಕು ತಲೆಮಾರಿನಿಂದ ಒಂದೇ ಹೆಸರಿದ್ದರೆ ಬಿಡುಗಡೆ. ಆದ್ದರಿಂದ ಸ್ಪ್ಯಾನಿಷ್ ಕುಲನಾಮ ನೋಡಿ ಸ್ಪೇನಿನ ರಕ್ತ ಅಂತ ತೀರ್ಮಾನಿಸಬೇಡಿ. ಈ ತಪ್ಪು ತುಂಬಾ ಕಡೆ ಕಾಣುತ್ತದೆ.

ವಸಾಹತಿನ ಹಿಂದಿನ ಭಾಗಕ್ಕೆ ಲಗುನಾ ತಾಮ್ರಪಟವನ್ನು ಸೇರಿಸಿ. ಶಕ 822, ವೈಶಾಖ, ಕೃಷ್ಣಪಕ್ಷ ಚತುರ್ಥಿ, ಸೋಮವಾರ: ರಾಷ್ಟ್ರಕೂಟರ ಶಾಸನ ಓದಿದವರಿಗೆ ಪರಿಚಿತವಾದ ಅದೇ ಕಾಲಸೂಚಿ, ಕ್ರಿ.ಶ. 900. ಹಳೆಯ ಮಲಯ ಭಾಷೆಯಲ್ಲಿರುವ ಅದು ನಮ್ವರನ್ ಎಂಬವನ ವಂಶದವರ ಸಾಲ ತೀರಿತು ಎನ್ನುವ ಪತ್ರ. ಅದರಿಂದ ಭಾರತದ ಆಳ್ವಿಕೆ ಅಲ್ಲಿತ್ತು ಅಂತ ಹೇಳಲಾಗದು. ಸ್ಪೇನಿಗೆ ಆರೂವರೆ ಶತಮಾನ ಮೊದಲೇ ಬರವಣಿಗೆ, ಸಾಲಪತ್ರ, ಅಧಿಕಾರಿಗಳ ಶ್ರೇಣಿ ಇದ್ದವು ಅಂತ ಖಂಡಿತ ಹೇಳಬಹುದು.

ಸುಂಕದಕಟ್ಟೆ

ಮೂರನೇ ಪ್ರಶ್ನೆ ಯಾರೂ ಮುಟ್ಟಿಲ್ಲ. ಅಮೆರಿಕ ಸ್ವಾತಂತ್ರ್ಯ ಕೊಡಲು ಒಪ್ಪಿದ್ದು ಏಕೆ ಅನ್ನುವಲ್ಲಿಂದ ಶುರುಮಾಡಿ. 1909 ಮತ್ತು 1913ರ ಸುಂಕ ಕಾನೂನುಗಳು ಫಿಲಿಪ್ಪೀನ್ಸ್ ಸಕ್ಕರೆ, ಕೊಬ್ಬರಿ ಎಣ್ಣೆಗೆ ಅಮೆರಿಕದ ಬಾಗಿಲು ತೆರೆದವು; ದೇಶದ ರಫ್ತು ಒಂದೇ ಮಾರುಕಟ್ಟೆಗೆ ಕಟ್ಟುಬಿತ್ತು. ಮಹಾ ಆರ್ಥಿಕ ಕುಸಿತ ಬಂದಾಗ ಅಮೆರಿಕದ ಬೀಟ್ ಸಕ್ಕರೆಯವರು, ಹಾಲು-ಬೆಣ್ಣೆಯವರು, ಕಾರ್ಮಿಕ ಸಂಘದವರು ಈ ದ್ವೀಪಗಳನ್ನು ಸುಂಕದ ಗೋಡೆಯ ಆಚೆ ಹಾಕಿ ಎಂದು ಒತ್ತಾಯಿಸಿದರು. ಮನಿಲಾದ ನಾಯಕರು ದಶಕಗಳಿಂದ ನಿಯೋಗ ಕಳಿಸಿ ಕೇಳುತ್ತಲೇ ಇದ್ದರು. ಬಾಗಿಲು ತೆರೆದದ್ದು ಈ ಒತ್ತಡ ಸೇರಿದಾಗ. 1934ರ ಟೈಡಿಂಗ್ಸ್-ಮಕ್‌ಡಫಿ ಕಾನೂನು ಸ್ವಾತಂತ್ರ್ಯಕ್ಕೆ ಮುನ್ನ ಹತ್ತು ವರ್ಷದ ಕಾಮನ್‌ವೆಲ್ತ್, ಅಂದರೆ ಒಳಾಡಳಿತದ ಸ್ವಯಂ ಸರ್ಕಾರ ಕೊಟ್ಟಿತು, ಜೊತೆಗೇ ಫಿಲಿಪಿನೊ ವಲಸೆಯನ್ನು ವರ್ಷಕ್ಕೆ 50 ಜನಕ್ಕೆ ಇಳಿಸಿತು. ಮನುವೆಲ್ ಕೆಸೋನ್ 15 ನವೆಂಬರ್ 1935ರಂದು ಅಧ್ಯಕ್ಷರಾದರು.

ಆಮೇಲೆ ಯುದ್ಧ. 1945ರ ಫೆಬ್ರವರಿಯಲ್ಲಿ ಒಂದು ತಿಂಗಳ ಕಾದಾಟದಲ್ಲಿ ಮನಿಲಾದ ಸುಮಾರು 1 ಲಕ್ಷ ನಾಗರಿಕರು ಸತ್ತರು, ನಗರ ನೆಲಸಮವಾಯಿತು. 1946ರ ಬೆಲ್ ವ್ಯಾಪಾರ ಕಾನೂನನ್ನು ಮುಂದಿಟ್ಟದ್ದು ಇಂಥ ದೇಶದ ಎದುರು. ಅದರ ಮುಖ್ಯ ಷರತ್ತುಗಳು: 1954ರವರೆಗೆ ಸುಂಕರಹಿತ ವ್ಯಾಪಾರ, 2 ಪೆಸೊಗೆ 1 ಡಾಲರ್ ದರ, ಅಮೆರಿಕದ ಅಧ್ಯಕ್ಷರ ಒಪ್ಪಿಗೆಯಿಲ್ಲದೆ ಬದಲಿಸುವಂತಿಲ್ಲ, ಗಣಿ, ಕಾಡು, ಭೂಮಿ ಮುಂತಾದವುಗಳಲ್ಲಿ ಅಮೆರಿಕದವರಿಗೆ ಫಿಲಿಪಿನೊಗಳಷ್ಟೇ ಹಕ್ಕು. ಈ ಕೊನೆಯದಕ್ಕೆ ಸಂವಿಧಾನ ತಿದ್ದಬೇಕಿತ್ತು. ತಿದ್ದದಿದ್ದರೆ 500 ಡಾಲರ್ ಮೀರಿದ ಯುದ್ಧಹಾನಿ ಪರಿಹಾರ ಸಿಗುವುದಿಲ್ಲ ಅಂತ ಅಮೆರಿಕದ ಇನ್ನೊಂದು ಕಾನೂನು ಹೇಳಿತು. ತಿದ್ದಲು ಫಿಲಿಪ್ಪೀನ್ಸ್ ಕಾಂಗ್ರೆಸ್ಸಿನಲ್ಲಿ ನಾಲ್ಕನೇ ಮೂರು ಪಾಲು ಮತ ಬೇಕಿತ್ತು. ಲುಯಿಸ್ ತರುಕ್ ಸೇರಿದಂತೆ ಎಡಪಂಥದ ಡೆಮಾಕ್ರಟಿಕ್ ಅಲಯನ್ಸ್ ಪಕ್ಷದಿಂದ ಗೆದ್ದುಬಂದವರನ್ನು ಸದನದಲ್ಲಿ ಕೂರಲು ಬಿಡದೆ ಆ ಲೆಕ್ಕ ಹೊಂದಿಸಿದರು. 11 ಮಾರ್ಚ್ 1947ರ ಜನಮತದಲ್ಲಿ ತಿದ್ದುಪಡಿ ಗೆದ್ದಿತು. ಸದನದಿಂದ ಹೊರಗೆ ಉಳಿದ ತರುಕ್ ಹುಕ್ ಎಂಬ ರೈತರ ಸಶಸ್ತ್ರ ದಂಗೆಯ ನಾಯಕರಾದರು. ಪೆಸೊ ಬೆಲೆ ಕೃತಕವಾಗಿ ಏರಿ ನಿಂತದ್ದರಿಂದ ಆಮದು ನುಗ್ಗಿತು, ಡಾಲರ್ ಕರಗಿತು, 1949ರ ಡಿಸೆಂಬರ್‌ನಲ್ಲಿ ವಿದೇಶಿ ವಿನಿಮಯಕ್ಕೆ ಕಡಿವಾಣ ಹಾಕಬೇಕಾಯಿತು.

ಸೇನಾನೆಲೆಗಳ ಒಪ್ಪಂದ ಜನಮತದ ಮೂರನೇ ದಿನ, 14 ಮಾರ್ಚ್ 1947ರಂದು: 99 ವರ್ಷ, 23 ಜಾಗ. 1966ರಲ್ಲಿ ಅವಧಿಯನ್ನು 25 ವರ್ಷಕ್ಕಿಳಿಸಿದ್ದರಿಂದ 1991 ಕೊನೆಯ ವರ್ಷವಾಯಿತು. ಸರ್ವಾಧಿಕಾರಿ ಮಾರ್ಕೋಸ್ ಪತನದ ನಂತರದ 1987ರ ಸಂವಿಧಾನ, ಇನ್ನು ಮುಂದೆ ವಿದೇಶಿ ನೆಲೆಗೆ ಫಿಲಿಪ್ಪೀನ್ಸ್ ಸೆನೆಟ್ ಒಪ್ಪಿದ ಒಪ್ಪಂದ ಬೇಕೇಬೇಕು ಅಂತ ಬರೆದಿಟ್ಟಿತು. ಅದು ಹಾಗೆ ಬರೆಯದಿದ್ದರೆ ವಿಷಯ ಅಧ್ಯಕ್ಷರ ಮಟ್ಟದಲ್ಲೇ ಮುಗಿಯುತ್ತಿತ್ತು, ಏಕೆಂದರೆ ಆಗಿನ ಅಧ್ಯಕ್ಷೆ ಕೊರಜೋನ್ ಅಕೀನೊ ನೆಲೆ ಮುಂದುವರಿಸಲು ಒಲವು ತೋರಿದ್ದರು. 1991ರ ಜೂನ್‌ನಲ್ಲಿ ಪಿನತುಬೊ ಜ್ವಾಲಾಮುಖಿ ಸಿಡಿದು ಕ್ಲಾರ್ಕ್ ವಾಯುನೆಲೆ ಬೂದಿಯಡಿ ಹೋಯಿತು. ಸುಬಿಕ್ ನೌಕಾನೆಲೆಗೆ ಇನ್ನೂ ಹತ್ತು ವರ್ಷ ಕೊಡುವ ಕರಡನ್ನು ಸೆನೆಟ್ ಸೆಪ್ಟೆಂಬರ್ 16ರಂದು 12-11 ಮತದಿಂದ ತಿರಸ್ಕರಿಸಿತು. 24 ನವೆಂಬರ್ 1992ರಂದು ಸುಬಿಕ್‌ನಿಂದ ಅಮೆರಿಕ ಹೊರಟಿತು. ಟಿಪ್ಪಣಿಯನ್ನು ಅಲ್ಲಿಗೇ ನಿಲ್ಲಿಸಬೇಡಿ: 1998ರಲ್ಲಿ ಸೈನಿಕರ ಭೇಟಿಯ ಒಪ್ಪಂದ, 2014ರಲ್ಲಿ ಫಿಲಿಪ್ಪೀನ್ಸ್ ಸೇನೆಯ ನೆಲೆಗಳನ್ನು ಬಳಸುವ ಒಪ್ಪಂದ ಆಗಿವೆ. ಎರಡನೆಯದನ್ನು ಸೆನೆಟ್ ಮುಂದೆ ಇಡಲಿಲ್ಲ; 2016ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು.